ಮನೆ ಸಾಲದ ನಿಜವಾದ ಲೆಕ್ಕ: ಕಂತು ಒಂದನ್ನೇ ನೋಡಬೇಡಿ, ಬಾಕಿ ನೋಡಿ, ತಿಂಗಳು ಎಣಿಸಿ

ಮನೆ ಸಾಲ ತೆಗೆದುಕೊಳ್ಳುವಾಗ ಹೆಚ್ಚಿನವರು ಹಾಕುವ ಲೆಕ್ಕ ಒಂದೇ. ಬ್ಯಾಂಕಿನವರು ಹೇಳಿದ ಕಂತು ಸಂಬಳದಲ್ಲಿ ಕೂರುತ್ತದಾ? ಕೂತರೆ ಸಹಿ. ಶಿವಮೊಗ್ಗದ ಗೋಪಾಳ, ವಿನೋಬನಗರದಲ್ಲಿ ಮನೆ ಕೊಳ್ಳುವವರೂ ಹೀಗೇ, ತೀರ್ಥಹಳ್ಳಿ ಕಡೆ ತೋಟದ ಪಕ್ಕ ಮನೆ ಕಟ್ಟಿಸುವವರೂ ಹೀಗೇ. ಐದು ವರ್ಷ ಆದಮೇಲೆ ಸ್ಟೇಟ್‌ಮೆಂಟ್ ನೋಡಿ ಗಾಬರಿಯಾಗುತ್ತಾರೆ. "ಹದಿನೈದು ಲಕ್ಷ ಕಟ್ಟಿದ್ದೀನಿ, ಸಾಲ ಇಳಿದಿರೋದು ಮೂರೂವರೆ ಲಕ್ಷ. ಬ್ಯಾಂಕಿನವರು ಏನೋ ತಪ್ಪು ಮಾಡಿದ್ದಾರೆ ಅಲ್ವಾ?" ಈ ಪ್ರಶ್ನೆ ಓದುಗರಿಂದ ಮತ್ತೆ ಮತ್ತೆ ಬರುತ್ತದೆ. ಬ್ಯಾಂಕಿನ ಲೆಕ್ಕ ಸರಿಯಾಗಿಯೇ ಇರುತ್ತದೆ. ಸಹಿ ಹಾಕುವ ಮೊದಲು ನಾವು ಆ ಲೆಕ್ಕವನ್ನು ಪೂರ್ತಿ ನೋಡಿರುವುದಿಲ್ಲ, ಅಷ್ಟೇ.

ಇಲ್ಲಿ ಶುರುವಿನಿಂದ ಕೊನೆಯವರೆಗೂ ಒಂದೇ ಉದಾಹರಣೆ ಇಟ್ಟುಕೊಂಡಿದ್ದೇನೆ. ಶಿವಮೊಗ್ಗ ನಗರದಲ್ಲಿ 40 ಲಕ್ಷದ ಮನೆ, 30 ಲಕ್ಷ ಸಾಲ, ಶೇ. 8.5 ಬಡ್ಡಿ, 20 ವರ್ಷ. ನಿಮ್ಮ ಅಂಕಿ ಹಾಕಿಕೊಂಡು ಜೊತೆಗೇ ಬನ್ನಿ. ಹಂತಗಳ ಕ್ರಮ ಮಾತ್ರ ತಪ್ಪಿಸಬೇಡಿ, ಮುಂದಿನ ಲೆಕ್ಕಕ್ಕೆ ಹಿಂದಿನ ಅಂಕಿ ಬೇಕಾಗುತ್ತದೆ.

## ಮೊದಲು ಜೊತೆ ಮಾಡಿಕೊಳ್ಳಬೇಕಾದದ್ದು

ಒಂದು ನೋಟ್‌ಬುಕ್, ಫೋನಿನ ಕ್ಯಾಲ್ಕುಲೇಟರ್, ಬ್ಯಾಂಕ್ ಕೊಟ್ಟ ಸ್ಯಾಂಕ್ಷನ್ ಲೆಟರ್ (ಸಾಲ ಮಂಜೂರಾದ ಪತ್ರ). ಸಾಲ ಈಗಾಗಲೇ ನಡೆಯುತ್ತಿದ್ದರೆ ಇತ್ತೀಚಿನ ಸ್ಟೇಟ್‌ಮೆಂಟ್. ಎಕ್ಸೆಲ್ ಅಥವಾ ಗೂಗಲ್ ಶೀಟ್ ಬರುವವರಿಗೆ ಅದರಲ್ಲಿರುವ, ಕಂತು ಲೆಕ್ಕ ಹಾಕುವ ಪಿಎಂಟಿ ಸೂತ್ರ ಸಾಕು. ಬರದವರು ಯಾವುದಾದರೂ ಇಎಂಐ ಕ್ಯಾಲ್ಕುಲೇಟರ್ ಬಳಸಬಹುದು. ಆದರೆ ಹಂತ 2ರ ಲೆಕ್ಕವನ್ನು ಎಲ್ಲರೂ ಕೈಯಲ್ಲೇ ಮಾಡಿ.

## ಹಂತ 1: ಕೆಎಫ್‌ಎಸ್ ಕೇಳಿ ಪಡೆಯಿರಿ

ರಿಸರ್ವ್ ಬ್ಯಾಂಕಿನ ನಿಯಮದಂತೆ 2024ರ ಅಕ್ಟೋಬರ್ 1ರಿಂದ ಪ್ರತಿ ಹೊಸ ಮನೆ ಸಾಲಕ್ಕೂ ಕೆಎಫ್‌ಎಸ್ (ಕೀ ಫ್ಯಾಕ್ಟ್ಸ್ ಸ್ಟೇಟ್‌ಮೆಂಟ್) ಅನ್ನುವ ಪತ್ರ ಕೊಡಲೇಬೇಕು. ಸಾಲದ ಮುಖ್ಯ ವಿವರಗಳೆಲ್ಲ ಒಂದೇ ಕಡೆ ಇರುವ ಪತ್ರ ಇದು. ನಿಮಗೆ ಅರ್ಥವಾಗುವ ಭಾಷೆಯಲ್ಲಿರಬೇಕು ಅಂತಲೂ ನಿಯಮವಿದೆ. ಹಾಗಾಗಿ ಕನ್ನಡದಲ್ಲಿ ಕೇಳಲು ಹಿಂಜರಿಯಬೇಡಿ. ಪತ್ರ ಕೈಗೆ ಬಂದಮೇಲೆ ಯೋಚಿಸಲು ಕನಿಷ್ಠ ಮೂರು ಕೆಲಸದ ದಿನ ನಿಮ್ಮದು.

ಅದರಲ್ಲಿ ಎರಡು ಕಡೆ ಪೆನ್ನಿನಿಂದ ಗುರುತು ಹಾಕಿ. ಒಂದು, ಎಪಿಆರ್. ಬರೀ ಬಡ್ಡಿ ದರ ಅಲ್ಲ, ಪ್ರೊಸೆಸಿಂಗ್ ಶುಲ್ಕ, ವಕೀಲರ ಶುಲ್ಕ, ಬ್ಯಾಂಕ್ ಮೂಲಕ ಹೋಗುವ ವಿಮೆ ಎಲ್ಲ ಸೇರಿಸಿದ ವಾರ್ಷಿಕ ದರ. ಎರಡು ಬ್ಯಾಂಕ್ ಹೋಲಿಸುವಾಗ ಈ ಅಂಕಿಯನ್ನೇ ಹೋಲಿಸಿ. ಇನ್ನೊಂದು, ತಿಂಗಳು ತಿಂಗಳಿಗೆ ಅಸಲು ಎಷ್ಟು, ಬಡ್ಡಿ ಎಷ್ಟು ಅಂತ ತೋರಿಸುವ ಪಟ್ಟಿ. ಈ ಪತ್ರದಲ್ಲಿ ಇಲ್ಲದ ಶುಲ್ಕವನ್ನು ನಿಮ್ಮ ಸ್ಪಷ್ಟ ಒಪ್ಪಿಗೆ ಇಲ್ಲದೆ ಆಮೇಲೆ ಹಾಕುವಂತಿಲ್ಲ.

ಎಚ್ಚರಿಕೆ: "ಅದೆಲ್ಲಾ ಡಿಸ್‌ಬರ್ಸ್ ಆದಮೇಲೆ ಬರುತ್ತೆ, ಈಗ ಸಹಿ ಮಾಡಿ", ಅಂದರೆ ಸಾಲದ ಹಣ ಬಿಡುಗಡೆಯಾದಮೇಲೆ ಕೊಡುತ್ತೇವೆ ಅಂತ ಹೇಳಿದರೆ, ಪೆನ್ನು ಕೆಳಗಿಡಿ.

## ಹಂತ 2: ಮೊದಲ ತಿಂಗಳ ಲೆಕ್ಕ ಕೈಯಲ್ಲೇ ಹಾಕಿ

ಬಾಕಿಯನ್ನು ಬಡ್ಡಿ ದರದಿಂದ ಗುಣಿಸಿ, 1,200ರಿಂದ ಭಾಗಿಸಿ. ಅದೇ ಆ ತಿಂಗಳ ಬಡ್ಡಿ. ನಮ್ಮ ಉದಾಹರಣೆಯಲ್ಲಿ 30 ಲಕ್ಷ ಗುಣಿಸು 8.5, ಭಾಗಿಸು 1,200. ಬಂದದ್ದು 21,250 ರೂಪಾಯಿ.

ಈ ಸಾಲದ ಕಂತು ತಿಂಗಳಿಗೆ 26,035. ಅದರಲ್ಲಿ 21,250 ಬಡ್ಡಿಗೆ ಹೋಯಿತು. ಸಾಲ ಇಳಿದದ್ದು 4,785 ಮಾತ್ರ. ಮುಂದಿನ ತಿಂಗಳ ಬಡ್ಡಿ ಉಳಿದ 29,95,215ಕ್ಕೆ. ಹೀಗೆ ಮೂರ್ನಾಲ್ಕು ತಿಂಗಳು ಕೈಯಾರೆ ಬರೆಯಿರಿ. ಇಪ್ಪತ್ತು ನಿಮಿಷದ ಕೆಲಸ. ಒಮ್ಮೆ ಬರೆದವರು ಮತ್ತೆಂದೂ ಕಂತನ್ನು ಬಾಡಿಗೆ ಕೊಟ್ಟಂತೆ ಸುಮ್ನೆ ಕಟ್ಟಿಕೊಂಡು ಹೋಗುವುದಿಲ್ಲ.

ಇದನ್ನೇ ಮುಂದುವರಿಸಿದರೆ ಮೊದಲ ವರ್ಷ ಕಟ್ಟುವುದು 3.12 ಲಕ್ಷ, ಸಾಲ ಇಳಿಯುವುದು ಸುಮಾರು 60 ಸಾವಿರ. ಐದು ವರ್ಷಕ್ಕೆ ಕಟ್ಟಿದ್ದು 15.62 ಲಕ್ಷ, ಬಾಕಿ 26.44 ಲಕ್ಷ. ಅರ್ಧ ಅವಧಿ, ಅಂದರೆ ಹತ್ತು ವರ್ಷ ಮುಗಿದಾಗಲೂ ಬಾಕಿ ಸುಮಾರು 21 ಲಕ್ಷ. ಅಸಲಿನ ಅರ್ಧ ಇಳಿಯಬೇಕಾದರೆ ಹದಿನಾಲ್ಕನೇ ವರ್ಷದ ಕೊನೆ ಹತ್ತಿರ ಬರಬೇಕು. 240 ಕಂತು ಕಟ್ಟಿ ಮುಗಿಸಿದಾಗ ಒಟ್ಟು 62.48 ಲಕ್ಷ, ಅದರಲ್ಲಿ ಬಡ್ಡಿಯೇ 32.48 ಲಕ್ಷ.

## ಹಂತ 3: ಅವಧಿಯನ್ನು ಮೂರು ಬಗೆಯಲ್ಲಿ ಹಾಕಿ ನೋಡಿ

ಇಲ್ಲಿ ಆಗುವ ತಪ್ಪು, ಸಿಗುವಷ್ಟು ದೊಡ್ಡ ಅವಧಿಯನ್ನೇ ತೆಗೆದುಕೊಳ್ಳುವುದು. ಅದೇ 30 ಲಕ್ಷವನ್ನು ಅದೇ ದರದಲ್ಲಿ ಮೂರು ಅವಧಿಗೆ ಹಾಕಿದೆ:

- 15 ವರ್ಷ: ಕಂತು 29,542, ಒಟ್ಟು ಬಡ್ಡಿ 23.18 ಲಕ್ಷ
- 20 ವರ್ಷ: ಕಂತು 26,035, ಒಟ್ಟು ಬಡ್ಡಿ 32.48 ಲಕ್ಷ
- 30 ವರ್ಷ: ಕಂತು 23,067, ಒಟ್ಟು ಬಡ್ಡಿ 53.04 ಲಕ್ಷ

20ರಿಂದ 30ಕ್ಕೆ ಹೋದರೆ ತಿಂಗಳಿಗೆ ಉಳಿಯುವುದು ಮೂರು ಸಾವಿರಕ್ಕಿಂತ ಕಡಿಮೆ. ಬಡ್ಡಿ ಜಾಸ್ತಿಯಾಗುವುದು ಇಪ್ಪತ್ತು ಲಕ್ಷಕ್ಕಿಂತ ಹೆಚ್ಚು. ಬಡ್ಡಿಯಲ್ಲಿ ಕಾಲು ಪರ್ಸೆಂಟ್ ಕಡಿಮೆ ಮಾಡಿಸಲು ನಾಲ್ಕು ಬ್ಯಾಂಕ್ ಸುತ್ತುತ್ತೇವೆ. ಅವಧಿಯನ್ನು ಮಾತ್ರ ಫಾರ್ಮಿನಲ್ಲಿ ಮೊದಲೇ ಬರೆದಿದ್ದಂತೆ ಬಿಟ್ಟುಬಿಡುತ್ತೇವೆ. ನನ್ನ ಪ್ರಕಾರ ಚೌಕಾಸಿ ಶುರುವಾಗಬೇಕಾದದ್ದು ಅವಧಿಯಿಂದ, ಅದೂ ನಿಮ್ಮ ಜೊತೆ ನೀವೇ.

"ಇಪ್ಪತ್ತು ವರ್ಷ ಆದಮೇಲೆ 26 ಸಾವಿರಕ್ಕೆ ಏನು ಬೆಲೆ ಇರುತ್ತೆ?" ಅಂತ ಕೆಲವರು ಕೇಳುತ್ತಾರೆ. ನಿಜ, ರೂಪಾಯಿಯ ಬೆಲೆ ಇಳಿಯುತ್ತದೆ. ಆದರೆ ಬಡ್ಡಿಯ ದೊಡ್ಡ ಪಾಲು ಹೋಗುವುದು ಮೊದಲ ಹತ್ತು ವರ್ಷದಲ್ಲಿ, ಮಕ್ಕಳ ಓದು, ಮನೆ ಖರ್ಚು ಎಲ್ಲ ಒಟ್ಟಿಗೆ ಬರುವ ಕಾಲದಲ್ಲಿ.

## ಹಂತ 4: ಬಡ್ಡಿ ಏರಿದಾಗ ಏನಾಗುತ್ತದೆ, ಈಗಲೇ ಲೆಕ್ಕ ಹಾಕಿ

ಅತಿ ಹೆಚ್ಚು ಜನ ಎಡವುವುದು ಇಲ್ಲಿ. ಬಡ್ಡಿ ಏರಿದರೆ ಕಂತು ಏರುತ್ತದೆ ಅಂದುಕೊಂಡಿರುತ್ತಾರೆ. ಕಂತು ಏರಲಿಲ್ಲ ಅಂದಾಗ ತಮಗೇನೂ ಆಗಿಲ್ಲ ಅಂದುಕೊಳ್ಳುತ್ತಾರೆ. ಆದರೆ ಕಂತು ಹಾಗೇ ಇದ್ದು ಅವಧಿ ಬೆಳೆದಿರುತ್ತದೆ.

ನಮ್ಮ ಸಾಲದ ಶುರುವಿನಲ್ಲೇ ದರ 8.5ರಿಂದ 9.5ಕ್ಕೆ ಹೋಯಿತು ಅನ್ನಿ. ಅವಧಿ ಹಾಗೇ ಉಳಿಸಿಕೊಂಡರೆ ಕಂತು 27,964 ಆಗುತ್ತದೆ, ತಿಂಗಳಿಗೆ ಸುಮಾರು 1,930 ಜಾಸ್ತಿ. ಕಂತು ಹಾಗೇ ಬಿಟ್ಟರೆ 240 ತಿಂಗಳ ಸಾಲ 309 ತಿಂಗಳಾಗುತ್ತದೆ. ಅಂದರೆ 25 ವರ್ಷ 9 ತಿಂಗಳು. ಹೆಚ್ಚಿಗೆ ಕಟ್ಟುವುದು 17 ಲಕ್ಷಕ್ಕಿಂತ ಜಾಸ್ತಿ. ಬರೀ ಒಂದು ಪರ್ಸೆಂಟಿಗೆ!

ಇದು ಊಹೆಯ ಮಾತಲ್ಲ. ರಿಸರ್ವ್ ಬ್ಯಾಂಕ್ ಬೇರೆ ಬ್ಯಾಂಕುಗಳಿಗೆ ಸಾಲ ಕೊಡುವ ರೆಪೊ ದರ 2022ರ ಏಪ್ರಿಲ್‌ನಲ್ಲಿ ಶೇ. 4 ಇತ್ತು, 2023ರ ಫೆಬ್ರವರಿ ಹೊತ್ತಿಗೆ 6.5 ಆಯಿತು. ವಾಣಿಜ್ಯ ಬ್ಯಾಂಕುಗಳು 2019ರ ಅಕ್ಟೋಬರ್‌ನಿಂದ ಹೊಸ ಮನೆ ಸಾಲದ ಬದಲಾಗುವ ಬಡ್ಡಿಯನ್ನು ರೆಪೊದಂಥ ಹೊರಗಿನ ದರಕ್ಕೇ ಜೋಡಿಸಬೇಕು. ಹೀಗಾಗಿ ಏರಿಕೆ ನೇರ ಸಾಲಗಾರರ ತಲೆ ಮೇಲೆ ಬಂತು. 6.75ರ ದರದಲ್ಲಿ 30 ಲಕ್ಷಕ್ಕೆ 20 ವರ್ಷದ ಕಂತು 22,811. ಅದೇ ಎರಡೂವರೆ ಪರ್ಸೆಂಟ್ ಏರಿ ದರ 9.25 ಆದರೆ 30 ಲಕ್ಷ ಬಾಕಿಗೆ ತಿಂಗಳ ಬಡ್ಡಿಯೇ 23,125. ಕಂತು ಪೂರ್ತಿ ಕಟ್ಟಿದರೂ ಸಾಲ ಇಳಿಯದೆ ಏರುವ ಸ್ಥಿತಿ ಅದು.

ಅದಕ್ಕೇ 2023ರ ಆಗಸ್ಟ್‌ನಲ್ಲಿ ರಿಸರ್ವ್ ಬ್ಯಾಂಕ್ ಹೊಸ ಸೂಚನೆ ಕೊಟ್ಟಿತು. ದರ ಬದಲಾದಾಗ ಕಂತು ಏರಿಸಬೇಕೋ, ಅವಧಿ ಏರಿಸಬೇಕೋ, ಎರಡನ್ನೂ ಸ್ವಲ್ಪ ಸ್ವಲ್ಪ ಏರಿಸಬೇಕೋ ಅಂತ ನಿಮ್ಮನ್ನು ಕೇಳಬೇಕು. ಮೂರು ತಿಂಗಳಿಗೊಮ್ಮೆ ಉಳಿದ ಕಂತುಗಳ ಸಂಖ್ಯೆಯಿರುವ ಸ್ಟೇಟ್‌ಮೆಂಟ್ ಕೊಡಬೇಕು. ಆದರೆ ಮೆಸೇಜ್ ಬಂದಾಗ ನೀವು ಉತ್ತರಿಸದಿದ್ದರೆ ಅವಧಿ ಬೆಳೆದಿರುವ ಸಾಧ್ಯತೆಯೇ ಹೆಚ್ಚು. ಕೈಯಲ್ಲಾದರೆ ಕಂತು ಏರಿಸಿ ಅಂತ ಬರೆದು ಕೊಡಿ.

ಬಡ್ಡಿ ಇಳಿದಾಗ ಉಲ್ಟಾ ಮಾಡಿ. 2025ರಲ್ಲಿ ರೆಪೊ ಫೆಬ್ರವರಿಗೆ 6.25, ಏಪ್ರಿಲ್‌ಗೆ 6, ಜೂನ್‌ಗೆ 5.5ಕ್ಕೆ ಇಳಿಯಿತು. ಇಂಥ ಸಮಯದಲ್ಲಿ ಕಂತು ಇಳಿಸಿಕೊಳ್ಳಬೇಡಿ, ಅವಧಿ ಇಳಿಸಿಕೊಳ್ಳಿ. ಸಾಲ ಕೊಟ್ಟದ್ದು ಬ್ಯಾಂಕ್ ಅಲ್ಲ, ಗೃಹಸಾಲ ಕಂಪನಿ ಆಗಿದ್ದರೆ ರೆಪೊಗೆ ಜೋಡಿಸುವ ನಿಯಮ ಅವರಿಗಿಲ್ಲ. ಅವರ ದರ ಇಳಿದಿದೆಯಾ ಅಂತ ನೀವೇ ಹೋಗಿ ಕೇಳಬೇಕು.

## ಹಂತ 5: ಸಾಲದ ಹೊರಗಿನ ಖರ್ಚನ್ನು ಅದೇ ಹಾಳೆಗೆ ತನ್ನಿ

ಕ್ರಯಪತ್ರದ ಖರ್ಚು ಮೊದಲು. ಕರ್ನಾಟಕದಲ್ಲಿ ಸ್ಟ್ಯಾಂಪ್ ಡ್ಯೂಟಿ ಶೇ. 5. ಅದರ ಮೇಲೆ ಸೆಸ್ ಮತ್ತು ಸರ್‌ಚಾರ್ಜ್. ನೋಂದಣಿ ಶುಲ್ಕ 2025ರ ಆಗಸ್ಟ್ 31ರಿಂದ ಶೇ. 1 ಇದ್ದದ್ದು 2 ಆಗಿದೆ. ಎಲ್ಲ ಸೇರಿ ನಗರದಲ್ಲಿ ಶೇ. 7.6. ನಮ್ಮ 40 ಲಕ್ಷದ ಮನೆಗೆ 3.04 ಲಕ್ಷ. ಹಳೇ ಅಂಕಿ ಹಿಡಿದುಕೊಂಡು 6.6 ಅಂತ ಲೆಕ್ಕ ಹಾಕಿದವರಿಗೆ ಸಬ್ ರಿಜಿಸ್ಟ್ರಾರ್ ಕಚೇರಿ ಬಾಗಿಲಲ್ಲಿ 40 ಸಾವಿರ ಕಡಿಮೆ ಬೀಳುತ್ತದೆ. ಸರ್ಕಾರ ಗೊತ್ತುಮಾಡಿದ ಮಾರ್ಗಸೂಚಿ ದರ ನೀವು ಕೊಟ್ಟ ಬೆಲೆಗಿಂತ ಹೆಚ್ಚಿದ್ದರೆ ಶುಲ್ಕ ಅದರ ಮೇಲೆ ಬೀಳುತ್ತದೆ. ಅದನ್ನೂ ಮೊದಲೇ ನೋಡಿಕೊಳ್ಳಿ.

ಈ ಖರ್ಚಿಗೆ ಮನೆ ಸಾಲ ಸಿಗುವುದಿಲ್ಲ ಅಂತಲೇ ಇಟ್ಟುಕೊಳ್ಳಿ. ಅಂದರೆ ಕೈಯಿಂದ 10 ಲಕ್ಷದ ಜೊತೆಗೆ ಇನ್ನೂ ಮೂರು ಲಕ್ಷ ಬೇಕು. ಅದಕ್ಕೆ ಒಡವೆ ಇಟ್ಟರೆ ಅಥವಾ ಪರ್ಸನಲ್ ಲೋನ್ ಮಾಡಿದರೆ ಅದರ ಬಡ್ಡಿಯೂ ಈ ಮನೆಯ ಬಡ್ಡಿಯೇ. ಹಾಳೆಯಲ್ಲಿ ಬರೆಯಿರಿ.

ಪ್ರೊಸೆಸಿಂಗ್ ಶುಲ್ಕ ಮತ್ತು ಅದರ ಮೇಲೆ ಶೇ. 18 ಜಿಎಸ್‌ಟಿ, ವಕೀಲರ ಅಭಿಪ್ರಾಯ, ಇಂಜಿನಿಯರ್ ಮೌಲ್ಯಮಾಪನ, ಹಕ್ಕುಪತ್ರ ಬ್ಯಾಂಕಿನಲ್ಲಿಟ್ಟದ್ದರ ನೋಂದಣಿ. ಇವೆಲ್ಲ ಸಣ್ಣವು, ಕೆಎಫ್‌ಎಸ್ ನೋಡಿ ಬರೆದುಕೊಂಡು ಮುಂದೆ ಹೋಗಿ.

ವಿಮೆ ಹತ್ತಿರ ಮಾತ್ರ ನಿಲ್ಲಿ. ಬ್ಯಾಂಕಿನವರು ಒಂದೇ ಸಲದ ಪ್ರೀಮಿಯಂ ಇರುವ ಪಾಲಿಸಿಯನ್ನು ಸಾಲಕ್ಕೇ ಸೇರಿಸಿಬಿಡುತ್ತಾರೆ. ಕೈಯಿಂದ ದುಡ್ಡು ಹೋಗದ ಕಾರಣ ಯಾರೂ ಪ್ರಶ್ನೆ ಕೇಳುವುದಿಲ್ಲ. ಪ್ರೀಮಿಯಂ 90 ಸಾವಿರ ಅನ್ನಿ. ಇಪ್ಪತ್ತು ವರ್ಷ 8.5ರಲ್ಲಿ ಅದಕ್ಕೆ ನೀವು ಕಟ್ಟುವುದು 1.87 ಲಕ್ಷ. ದುಡಿಯುವವರ ಮೇಲೆ ವಿಮೆ ಇರಲೇಬೇಕು, ಅದರಲ್ಲಿ ಎರಡು ಮಾತಿಲ್ಲ. ಆದರೆ ಬ್ಯಾಂಕ್ ಹೇಳಿದ ಕಂಪನಿಯದ್ದೇ ಆಗಬೇಕಿಲ್ಲ. ಹೊರಗೆ ಟರ್ಮ್ ಪಾಲಿಸಿಯ ಬೆಲೆ ಕೇಳಿ, ಹೋಲಿಸಿ ನೋಡಿ.

ಹಳ್ಳಿ ಕಡೆಯವರಿಗೆ ಇನ್ನೊಂದು ಮಾತು. ಪಂಚಾಯಿತಿಯ ಇ-ಸ್ವತ್ತು ನಮೂನೆಗಳು, ಭೂ ಪರಿವರ್ತನೆ, ಅಣ್ಣತಮ್ಮಂದಿರ ಪಾಲುಪಟ್ಟಿ ಸರಿಯಿಲ್ಲದಿದ್ದರೆ ದೊಡ್ಡ ಬ್ಯಾಂಕ್ ಸಾಲ ಆಗಲ್ಲ ಅನ್ನುತ್ತದೆ. ಆಗ ಜನ ಬಡ್ಡಿ ಜಾಸ್ತಿ ಇರುವ ಕಡೆ ಹೋಗುತ್ತಾರೆ. ಎರಡು ಪರ್ಸೆಂಟ್ ಜಾಸ್ತಿ, ಅಂದರೆ 10.5ರಲ್ಲಿ ಇದೇ ಸಾಲಕ್ಕೆ ಒಟ್ಟು 71.88 ಲಕ್ಷ ಕಟ್ಟಬೇಕು. 9.4 ಲಕ್ಷ ಹೆಚ್ಚು. ಆರು ತಿಂಗಳು ತಡವಾದರೂ ಸರಿ, ಮೊದಲು ಕಾಗದ ಸರಿ ಮಾಡಿಸಿಕೊಳ್ಳುವುದು ಲಾಭ.

## ಹಂತ 6: ಕಟ್ಟಿಸುವವರು ಮಳೆಗಾಲವನ್ನು ಲೆಕ್ಕಕ್ಕೆ ಸೇರಿಸಿ

ಕಟ್ಟುವ ಮನೆಗೆ ಬ್ಯಾಂಕ್ ಹಣವನ್ನು ಕಂತು ಕಂತಾಗಿ ಬಿಡುತ್ತದೆ. ಪಾಯಕ್ಕೆ ಒಂದಷ್ಟು, ಲಿಂಟಲ್‌ಗೆ ಒಂದಷ್ಟು, ತಾರಸಿಗೆ ಒಂದಷ್ಟು. ಬಿಟ್ಟ ಹಣಕ್ಕೆ ಬಡ್ಡಿ ಮಾತ್ರ ಕಟ್ಟುವುದನ್ನು ಪ್ರೀ-ಇಎಂಐ ಅನ್ನುತ್ತಾರೆ. ಇದರಲ್ಲಿ ಒಂದು ರೂಪಾಯಿಯೂ ಅಸಲಿಗೆ ಹೋಗುವುದಿಲ್ಲ.

ಬಯಲುಸೀಮೆಯವರ ಲೆಕ್ಕ ಮಲೆನಾಡಿನ ನಮಗೆ ಆಗಿಬರುವುದಿಲ್ಲ. ತೀರ್ಥಹಳ್ಳಿ, ಹೊಸನಗರ, ಸಾಗರದ ಕಡೆ ಜೂನ್ ಹಿಡಿದರೆ ಹೊರಗಿನ ಕೆಲಸ ನಿಂತ ಹಾಗೇ. ಮೇ ಕೊನೆಗೆ 18 ಲಕ್ಷ ಬಿಡುಗಡೆಯಾಗಿ, ತಾರಸಿ ಹಾಕುವ ಮೊದಲೇ ಮಳೆ ಹಿಡಿಯಿತು ಅನ್ನಿ. ತಿಂಗಳಿಗೆ 12,750 ಬಡ್ಡಿ. ಜೂನ್‌ನಿಂದ ಸೆಪ್ಟೆಂಬರ್‌ವರೆಗೆ ನಾಲ್ಕು ತಿಂಗಳಿಗೆ 51 ಸಾವಿರ, ಗೋಡೆ ಒಂದು ಇಂಚೂ ಏಳದೆ. ಜೊತೆಗೆ ಈಗಿರುವ ಮನೆಯ ಬಾಡಿಗೆ.

ಹಾಗಾಗಿ ಕ್ರಮ ಹೀಗಿರಲಿ. ಮಳೆಗಾಲದಲ್ಲಿ ಕಾಗದ, ಪ್ಲಾನ್, ಸ್ಯಾಂಕ್ಷನ್ ಮುಗಿಸಿ. ಮಳೆ ಬಿಟ್ಟ ಕೂಡಲೇ ಪಾಯ ತೆಗೆಯಿರಿ. ಪಾಯಕ್ಕೆ ಸಾಧ್ಯವಾದಷ್ಟು ಸ್ವಂತ ಹಣ ಹಾಕಿ, ಬ್ಯಾಂಕಿನ ಹಣ ಆಮೇಲೆ ತನ್ನಿ. ಮೇ ಮಧ್ಯದೊಳಗೆ ತಾರಸಿ ಮುಗಿಸುತ್ತೀರಾ ಅಂತ ಮೇಸ್ತ್ರಿಯನ್ನು ಮೊದಲೇ ಕೇಳಿ. "ನೋಡೋಣ ಸಾರ್" ಅನ್ನುವ ಉತ್ತರ ಬಂದರೆ ಆ ನಾಲ್ಕು ತಿಂಗಳ ಬಡ್ಡಿಯನ್ನು ಈಗಲೇ ಹಾಳೆಗೆ ಸೇರಿಸಿ.

## ಹಂತ 7: ಇಟ್ಟುಕೊಳ್ಳುವ ಖರ್ಚು, ಮತ್ತು ತೆರಿಗೆಯಲ್ಲಿ ಸಿಗುವುದು

ಮನೆ ಕಂದಾಯ, ಬಣ್ಣ, ಗೆದ್ದಲು, ಗೋಡೆ ಹತ್ತುವ ಪಾಚಿ. ಮಲೆನಾಡಿನಲ್ಲಿ ತಾರಸಿ ಹಾಕಿ ಕೆಲವು ಮಳೆಗಾಲ ಕಳೆದಮೇಲೆ ಸೋರಿಕೆಗೆ ಬೇಸತ್ತು ಅದರ ಮೇಲೆ ಕಬ್ಬಿಣದ ಕಂಬ ನಿಲ್ಲಿಸಿ ಶೀಟ್ ಹೊದಿಸದ ಮನೆ ಕಡಿಮೆ. ಎಸ್ಟಿಮೇಟಿನಲ್ಲಿ ಅದು ಇರುವುದಿಲ್ಲ, ಮೊದಲೇ ಸೇರಿಸಿ. ಕಟ್ಟಡದ ಬೆಲೆಯ ಶೇ. 1ನ್ನು ವರ್ಷ ವರ್ಷ ಎತ್ತಿಡಿ ಅಂತ ನಾನು ಹೇಳುತ್ತೇನೆ. ಕಟ್ಟಡ 25 ಲಕ್ಷದ್ದಾದರೆ 20 ವರ್ಷಕ್ಕೆ 5 ಲಕ್ಷ.

ಈಗ ಕೂಡಿ ನೋಡಿ. ಕಂತು 62.48, ಕೈಯಿಂದ ಹಾಕಿದ್ದು 10, ಕ್ರಯಪತ್ರ 3.04, ರಿಪೇರಿ 5. ನಲವತ್ತು ಲಕ್ಷದ ಮನೆ 80 ಲಕ್ಷ ದಾಟಿತು.

ಇದರಿಂದ ತೆರಿಗೆ ಉಳಿತಾಯ ಕಳೆಯಬಹುದು, ಆದರೆ ನಿಮ್ಮ ತೆರಿಗೆ ಪದ್ಧತಿ ನೋಡಿಕೊಂಡು. ಹಳೇ ಪದ್ಧತಿಯಲ್ಲಿ ಸ್ವಂತ ವಾಸದ ಮನೆಯ ಬಡ್ಡಿಗೆ ವರ್ಷಕ್ಕೆ 2 ಲಕ್ಷದವರೆಗೆ ವಿನಾಯಿತಿ. ಶೇ. 20ರ ಸ್ಲ್ಯಾಬ್‌ನಲ್ಲಿದ್ದರೆ ಸೆಸ್ ಸೇರಿ ಉಳಿಯುವುದು ಹೆಚ್ಚೆಂದರೆ 41,600. ಹೊಸ ಪದ್ಧತಿಯಲ್ಲಿ ಸ್ವಂತ ವಾಸದ ಮನೆಗೆ ಇದು ಇಲ್ಲವೇ ಇಲ್ಲ. "ಟ್ಯಾಕ್ಸ್ ಉಳಿಯುತ್ತೆ, ಸಾಲ ಬೇಗ ತೀರಿಸಬೇಡಿ" ಅನ್ನುವ ಮಾತು ಕೇಳಬೇಡಿ. ಒಂದು ರೂಪಾಯಿ ಬಡ್ಡಿ ಕಟ್ಟಿ ಇಪ್ಪತ್ತು ಪೈಸೆ ಉಳಿಸಿದರೆ ಎಂಬತ್ತು ಪೈಸೆ ಹೋಯಿತು.

## ಹಂತ 8: ಮುಂಚಿತವಾಗಿ ಕಟ್ಟುವ ಯೋಜನೆ ಮಾಡಿ

ವ್ಯಕ್ತಿಗಳ ಹೆಸರಲ್ಲಿರುವ, ಬದಲಾಗುವ ಬಡ್ಡಿಯ ಮನೆ ಸಾಲವನ್ನು ಮುಂಚೆ ಕಟ್ಟಿದರೆ ದಂಡ ಹಾಕುವಂತಿಲ್ಲ. ಬ್ಯಾಂಕುಗಳಿಗೆ 2012ರಿಂದಲೇ ಈ ನಿಯಮ ಇದೆ. ಇದನ್ನು ಪೂರ್ತಿ ಬಳಸಿಕೊಳ್ಳಿ.

ಅಡಿಕೆ ಬೆಳೆಗಾರರಿಗೆ ಇದು ಸಂಬಳದಾರರಿಗಿಂತ ಚೆನ್ನಾಗಿ ಕೂರುತ್ತದೆ. ದುಡ್ಡು ತಿಂಗಳು ತಿಂಗಳು ಬರುವುದಿಲ್ಲ, ಕೊಯ್ಲು ಮುಗಿದು ರಾಶಿ, ಬೆಟ್ಟೆ ಅಡಿಕೆ ಮಾರಿದಾಗ ಒಟ್ಟಿಗೆ ಬರುತ್ತದೆ. ಕಂತನ್ನು ಕೆಟ್ಟ ವರ್ಷದಲ್ಲೂ ಕಟ್ಟಬಹುದಾದಷ್ಟು ಇಟ್ಟುಕೊಳ್ಳಿ. ಮಾರಿದ ವಾರವೇ ಒಂದು ಮೊತ್ತವನ್ನು ಅಸಲಿಗೆ ಹಾಕಿ. ಕೊಳೆ ರೋಗ ಬಂದ ವರ್ಷ ಹಾಕದಿದ್ದರೂ ಕಂತು ತಪ್ಪುವುದಿಲ್ಲ.

ಒಂದು ವರ್ಷ ಮುಗಿದಾಗ ಒಂದು ಲಕ್ಷ ಹೆಚ್ಚಿಗೆ ಕಟ್ಟಿ, ಕಂತು ಅಷ್ಟೇ ಉಳಿಸಿಕೊಂಡರೆ 18 ಕಂತು ಕಡಿಮೆಯಾಗುತ್ತದೆ. ಉಳಿಯುವ ಬಡ್ಡಿ ಸುಮಾರು 3.7 ಲಕ್ಷ. ಅದೇ ಒಂದು ಲಕ್ಷವನ್ನು ಹತ್ತನೇ ವರ್ಷದ ಕೊನೆಗೆ ಕಟ್ಟಿದರೆ ಉಳಿಯುವುದು 1.27 ಲಕ್ಷ. ಬೇಗ ಕಟ್ಟಿದ್ದಕ್ಕೇ ಬೆಲೆ.

ಇಲ್ಲಿ ಆಗುವ ತಪ್ಪು: ಹಣ ಕಟ್ಟಿ ಏನೂ ಹೇಳದೆ ಬರುವುದು. ಬ್ಯಾಂಕ್ ಅವಧಿ ಹಾಗೇ ಇಟ್ಟು ಕಂತನ್ನು 885 ರೂಪಾಯಿ ಇಳಿಸಿಬಿಟ್ಟರೆ 3.7 ಲಕ್ಷದ ಉಳಿತಾಯ ಒಂದು ಲಕ್ಷಕ್ಕೆ ಬಂತು. "ಕಂತು ಇಳಿಸಬೇಡಿ, ಅವಧಿ ಇಳಿಸಿ" ಅಂತ ಅರ್ಜಿ ಬರೆದು, ಸ್ವೀಕೃತಿ ಸೀಲ್ ಹಾಕಿಸಿಕೊಳ್ಳಿ. ಆಮೇಲೆ ಹೊಸ ಪಟ್ಟಿ ಕೇಳಿ.

ಇದ್ದಬದ್ದದ್ದನ್ನೆಲ್ಲ ಹಾಕಬೇಡಿ. ಆರು ತಿಂಗಳ ಕಂತು ಮತ್ತು ಮನೆ ಖರ್ಚು ಕೈಯಲ್ಲಿರಲಿ. ಅದಿಲ್ಲದೆ ಸಾಲ ತೀರಿಸಲು ಹೋದವರು ಆಸ್ಪತ್ರೆ ಖರ್ಚು ಬಂದಾಗ ಇನ್ನೂ ದುಬಾರಿ ಸಾಲಕ್ಕೆ ಹೋಗುತ್ತಾರೆ. ಅದಕ್ಕಿಂತ ಮೇಲೆ ಎಫ್‌ಡಿಯಲ್ಲಿ ಹಣವಿದ್ದು, ತೆರಿಗೆ ಕಳೆದು ಬರುವ ಬಡ್ಡಿ ಸಾಲದ ಬಡ್ಡಿಗಿಂತ ಕಡಿಮೆ ಇದ್ದರೆ, ಆ ಹಣ ಸಾಲಕ್ಕೆ ಹೋಗಲಿ.

## ಹಂತ 9: ವರ್ಷಕ್ಕೊಮ್ಮೆ ತಪಾಸಣೆ

ಏಪ್ರಿಲ್‌ನಲ್ಲಿ ಬಡ್ಡಿ ಸರ್ಟಿಫಿಕೇಟ್ ತರುವಾಗಲೇ ಮೂರು ಅಂಕಿ ಬರೆದುಕೊಳ್ಳಿ: ಬಾಕಿ, ಈಗಿನ ದರ, ಉಳಿದ ತಿಂಗಳು. ಉಳಿದ ತಿಂಗಳು ಕಳೆದ ವರ್ಷಕ್ಕಿಂತ 12 ಕಡಿಮೆ ಆಗಿರಬೇಕು. ಆಗಿಲ್ಲದಿದ್ದರೆ ಅವಧಿ ಬೆಳೆದಿದೆ. ಅದೇ ದಿನ ಮ್ಯಾನೇಜರನ್ನು ನೋಡಿ.

ಉಳಿದ ಅಪಾಯದ ಗುರುತುಗಳು: ಹೊಸ ಗ್ರಾಹಕರಿಗೆ ಅದೇ ಬ್ಯಾಂಕ್ ಕೊಡುವ ದರ ನಿಮ್ಮದಕ್ಕಿಂತ ಅರ್ಧ ಪರ್ಸೆಂಟ್ ಕಡಿಮೆ ಇರುವುದು. ಕೊನೆಯ ಕಂತು ನಿಮ್ಮ ನಿವೃತ್ತಿಯ ದಿನ ದಾಟಿರುವುದು. ಕಂತು ಕಟ್ಟಲು ಕ್ರೆಡಿಟ್ ಕಾರ್ಡ್ ಅಥವಾ ಕೈಸಾಲದ ಮೊರೆ ಹೋಗುವುದು.

ದರ ಜಾಸ್ತಿ ಇದ್ದರೆ ಮೊದಲು ನಿಮ್ಮ ಬ್ಯಾಂಕಿನಲ್ಲೇ ಇಳಿಸಲು ಕೇಳಿ, ಸಣ್ಣ ಶುಲ್ಕದಲ್ಲಿ ಆಗಬಹುದು. ಆಗದಿದ್ದರೆ ಬೇರೆ ಬ್ಯಾಂಕಿಗೆ ವರ್ಗ. ಆದರೆ ಎಚ್ಚರ. 26.44 ಲಕ್ಷ ಬಾಕಿ, 15 ವರ್ಷ ಉಳಿದಿದೆ, ದರ 9 ಅನ್ನಿ. ಕಂತು 26,817. ಹೊಸ ಬ್ಯಾಂಕ್ 8.5ಕ್ಕೆ ಕೊಡುತ್ತೇನೆ ಅಂದು ಮತ್ತೆ 20 ವರ್ಷ ಹಾಕಿದರೆ ಕಂತು 22,945ಕ್ಕೆ ಇಳಿಯುತ್ತದೆ. ಖುಷಿಯಾಗುತ್ತದೆ. ಒಟ್ಟು ಕಟ್ಟುವುದು ಮಾತ್ರ 6.8 ಲಕ್ಷ ಜಾಸ್ತಿ. ಅದೇ 15 ವರ್ಷಕ್ಕೇ ಹಾಕಿಸಿದರೆ ಸುಮಾರು 1.4 ಲಕ್ಷ ಉಳಿಯುತ್ತದೆ. ಅದರಿಂದ ಹೊಸ ಪ್ರೊಸೆಸಿಂಗ್, ವಕೀಲರು, ನೋಂದಣಿ ಖರ್ಚು ಕಳೆದು ಉಳಿದದ್ದು ಲಾಭ.

## ಹಂತ 10: ಕೊನೆಯ ಕಂತು ಕಟ್ಟಿದಮೇಲೆ

ಸಾಲ ತೀರಿದ 30 ದಿನದೊಳಗೆ ಮೂಲ ಪತ್ರಗಳನ್ನು ವಾಪಸ್ ಕೊಡಬೇಕು. 2023ರ ಡಿಸೆಂಬರ್ 1ರಿಂದ ಈ ನಿಯಮ ಇದೆ. ಬ್ಯಾಂಕಿನ ಕಾರಣಕ್ಕೆ ತಡವಾದರೆ ದಿನಕ್ಕೆ 5,000 ರೂಪಾಯಿಯಂತೆ ಅವರು ನಿಮಗೆ ಕೊಡಬೇಕು. ಸಾಲ ಪಡೆದ ದಿನ ಕೊಟ್ಟ ಪತ್ರಗಳ ಪಟ್ಟಿ ತೆಗೆದಿಟ್ಟಿದ್ದರೆ ಒಂದೊಂದೇ ಟಿಕ್ ಹಾಕಿ ಪಡೆಯಿರಿ. ಬಾಕಿ ಇಲ್ಲ ಅನ್ನುವ ಪತ್ರವನ್ನೂ ಕೇಳಿ.

ಆಮೇಲೆ ಸಬ್ ರಿಜಿಸ್ಟ್ರಾರ್ ಕಚೇರಿಯಲ್ಲಿ ಬ್ಯಾಂಕಿನ ಹೆಸರಿನ ಋಣ ತೆಗೆಸಿ. ಕೆಲವು ದಿನ ಬಿಟ್ಟು ನೋಂದಣಿ ಇಲಾಖೆಯ ಕಾವೇರಿ ತಂತ್ರಾಂಶದಲ್ಲಿ ಹೊಸ ಇಸಿ (ಋಣಭಾರ ಪ್ರಮಾಣಪತ್ರ) ತೆಗೆದು, ಸಾಲ ತೀರಿದ ನಮೂದು ಬಂದಿದೆಯಾ ನೋಡಿ. ಬಂದಿರದಿದ್ದರೆ ಬ್ಯಾಂಕಿಗೆ ಬರವಣಿಗೆಯಲ್ಲಿ ತಿಳಿಸಿ, ಪ್ರತಿಯನ್ನು ಕ್ರಯಪತ್ರದ ಜೊತೆಗೇ ಇಟ್ಟುಕೊಳ್ಳಿ.